ಪ್ರಿಮಿಟಿವ್ ಪಾಲಿನಾಮಿಯಲ್, ಪ್ರಿಮಿಟಿವ್ ಎಲಿಮೆಂಟ್: ಇದೆಲ್ಲ ಒಂದೇ ಪ್ರಿಮಿಟಿವ್ವಾ, ಬೇರೆ ಬೇರೆಯಾ?

ಬದಿಯಡ್ಕದ ಹುಡುಗ

ಎಲ್ರಿಗೂ ನಮಸ್ಕಾರ. ಎಂಎಸ್ಸಿ ಗಣಿತ, ಎರಡನೇ ಸೆಮಿಸ್ಟರ್. ಹತ್ತನೇ ವರೆಗೆ ಕನ್ನಡ ಮೀಡಿಯಂ, ಆಮೇಲೆ ಎಲ್ಲಾ ಇಂಗ್ಲಿಷು, ಈಗ ಕ್ಲಾಸಲ್ಲಿ ಡೌಟ್ ಕೇಳಿದ್ರೆ ಉತ್ತರ ಅರ್ಧ ಮಲಯಾಳಲ್ಲಿ ಬರ್ತದೆ, ಅದು ತೊಂದರೆ ಇಲ್ಲ ಮಲಯಾಳ ಅರ್ಥ ಆಗ್ತದೆ, ಆದ್ರೆ ಈ ಪ್ರಿಮಿಟಿವ್ ಅನ್ನುದು ಮಾತ್ರ ಯಾವ ಭಾಷೆಲೂ ತಲೆಗೆ ಹೋಗ್ತಾ ಇಲ್ಲ.

ರಿಂಗ್ ಥಿಯರಿಲಿ ಹೇಳಿದ್ದು ಹೀಗೆ: ಪಾಲಿನಾಮಿಯಲ್‌ನ ಕೋಎಫಿಶಿಯೆಂಟ್‌ಗಳ ಮ.ಸಾ.ಅ. 1 ಆದ್ರೆ ಅದು ಪ್ರಿಮಿಟಿವ್. ಸರಿ, ಬಾಯಿಪಾಠ ಮಾಡಿದೆ. ಈಗ ಫೈನೈಟ್ ಫೀಲ್ಡ್ (ಕೂಡುದು ಕಳೆಯುದು ಗುಣಿಸುದು ಭಾಗಿಸುದು ನಾಲ್ಕೂ ನಡೆಯುವ, ಲೆಕ್ಕದ ಎಲಿಮೆಂಟ್ ಮಾತ್ರ ಇರುವ ಗಣ) ಪಾಠ ಬಂತು, ಅಲ್ಲಿ ಎಫ್2 ಮೇಲೆ (0 ಮತ್ತೆ 1 ಎರಡೇ ಇರುವ ಫೀಲ್ಡು) ಎಕ್ಸ್⁴ + ಎಕ್ಸ್³ + ಎಕ್ಸ್² + ಎಕ್ಸ್ + 1 ಅನ್ನುದು ಇರ್ರೆಡ್ಯೂಸಿಬಲ್ (ಅಪವರ್ತನವಾಗಿ ಒಡೆಯದ್ದು), ಆದ್ರೂ ಪ್ರಿಮಿಟಿವ್ ಅಲ್ಲ ಅಂತ ಕೊಟ್ಟಿದ್ದಾರೆ. ಅಲ್ಲ ಮಾರಾಯ್ರೆ, ಎಲ್ಲಾ ಕೋಎಫಿಶಿಯೆಂಟೂ 1 ಉಂಟು, ಅದ್ರ ಮ.ಸಾ.ಅ. 1 ಅಲ್ಲದೆ ಮತ್ತೆ ಎಂತ ಆಗುದು? ಪ್ರಿಂಟ್ ತಪ್ಪಾ?

ಇನ್ನೊಂದು, √2 + √3 ಪ್ರಿಮಿಟಿವ್ ಎಲಿಮೆಂಟ್ ಅಂತ ಫೀಲ್ಡ್ ಎಕ್ಸ್‌ಟೆನ್ಷನ್ ಪಾಠದಲ್ಲಿ, ಫೈನೈಟ್ ಫೀಲ್ಡಲ್ಲಿ ಪ್ರಿಮಿಟಿವ್ ಎಲಿಮೆಂಟ್ ಅಂದ್ರೆ ಜನರೇಟರ್ (ಅದ್ರ ಘಾತಗಳಿಂದಲೇ ಸೊನ್ನೆ ಬಿಟ್ಟು ಎಲ್ಲಾ ಬರುದು) ಅಂತ. ಇದೆರಡೂ ಒಂದೇಯಾ? ಮುಂದಿನ ವಾರ ಇಂಟರ್ನಲ್ ಪರೀಕ್ಷೆ ಉಂಟು, ಯಾರಾದ್ರೂ ಗೊತ್ತಿದ್ದವರು ಹೇಳಿ.

ಕುಂಬಳೆ ಮಾಷ್ಟ್ರು

ಪ್ರಿಂಟ್ ತಪ್ಪಲ್ಲ ತಮ್ಮಾ. ಎರಡು ಬೇರೆ ಬೇರೆ ಡೆಫಿನಿಷನ್, ಹೆಸರು ಮಾತ್ರ ಒಂದು. ಪ್ರಿಮಿಟಿವ್ ಅಂತ ಕಂಡ ಕೂಡ್ಲೇ ಮೊದಲು ಕೇಳ್ಬೇಕಾದ್ದು ಕೋಎಫಿಶಿಯೆಂಟ್ ಎಲ್ಲಿಂದ ಬಂದದ್ದು ಅಂತ.

ಮೊದಲನೇದು ಜರ್ಮನ್ ಗಣಿತಜ್ಞ ಗೌಸ್‌ದ್ದು. ಅದು ಪೂರ್ಣಾಂಕಗಳ ಮೇಲಿನ ಪಾಲಿನಾಮಿಯಲ್‌ಗೆ, ಹೆಚ್ಚಂದ್ರೆ ಯುಎಫ್‌ಡಿ (ಪೂರ್ಣಾಂಕಗಳ ಹಾಗೆ ಅವಿಭಾಜ್ಯ ಅಪವರ್ತನ ಒಂದೇ ರೀತಿಲಿ ಆಗುವ ರಿಂಗ್) ಮೇಲೆ. 6ಎಕ್ಸ್² + 10ಎಕ್ಸ್ + 15 ತಗೊಳ್ಳಿ, ಯಾವ ಎರಡು ಕೋಎಫಿಶಿಯೆಂಟ್ ಹಿಡಿದ್ರೂ ಸಾಮಾನ್ಯ ಅಪವರ್ತನ ಉಂಟು, ಆದ್ರೆ ಮೂರಕ್ಕೂ ಸೇರಿ ಇಲ್ಲ, ಹಾಗಾಗಿ ಪ್ರಿಮಿಟಿವ್. 2ಎಕ್ಸ್ + 4 ಅಲ್ಲ, 2 ಹೊರಗೆ ಬರ್ತದೆ. ಇದು ಯಾಕೆ ಬೇಕಾಯ್ತು ಅಂದ್ರೆ 2ಎಕ್ಸ್ + 4 ಅನ್ನುದು ಭಾಗಲಬ್ಧ ಸಂಖ್ಯೆಗಳ ಮೇಲೆ ಇರ್ರೆಡ್ಯೂಸಿಬಲ್, ಪೂರ್ಣಾಂಕಗಳ ಮೇಲೆ ಅಲ್ಲ, ಯಾಕಂದ್ರೆ ಅಲ್ಲಿ 2 ಯುನಿಟ್ ಅಲ್ಲ (ಅದ್ರ ವಿಲೋಮ 1/2 ಅಲ್ಲಿ ಇಲ್ಲ), 2 × (ಎಕ್ಸ್ + 2) ಅಂತ ನಿಜವಾಗಿ ಒಡೀತದೆ. ಈ ಎರಡು ಲೋಕದ ನಡುವೆ ಹೋಗಿ ಬರ್ಲಿಕ್ಕೆ ಪ್ರಿಮಿಟಿವ್ ಅನ್ನುವ ಷರತ್ತು ಬೇಕು. ಎರಡು ಪ್ರಿಮಿಟಿವ್‌ಗಳ ಗುಣಲಬ್ಧವೂ ಪ್ರಿಮಿಟಿವ್ ಅನ್ನುವ ಗೌಸ್ ಲೆಮ್ಮಾ ಇದಕ್ಕೇ ಇರುದು, ಮೂಲ 1801ರ ಅವನ ಪುಸ್ತಕದಲ್ಲಿ ಉಂಟು. ಪ್ರೂಫ್ ಎರಡು ಸಾಲು: ಗುಣಲಬ್ಧದ ಎಲ್ಲಾ ಕೋಎಫಿಶಿಯೆಂಟನ್ನೂ ಒಂದು ಅವಿಭಾಜ್ಯ ಪಿ ಭಾಗಿಸ್ತದೆ ಅಂತ ಇಟ್ಕೊಳ್ಳಿ, ಮಾಡ್ಯುಲೋ ಪಿ ಹೋದ್ರೆ (ಪಿಯಿಂದ ಭಾಗಿಸಿದ ಶೇಷ ಮಾತ್ರ ನೋಡಿದ್ರೆ) ಗುಣಲಬ್ಧ ಸೊನ್ನೆ, ಆದ್ರೆ ಅಲ್ಲಿ ಪಾಲಿನಾಮಿಯಲ್ ರಿಂಗು ಇಂಟೆಗ್ರಲ್ ಡೊಮೈನು (ಸೊನ್ನೆ ಅಲ್ಲದ ಎರಡರ ಗುಣಲಬ್ಧ ಸೊನ್ನೆ ಆಗುದಿಲ್ಲ), ಹಾಗಾಗಿ ಎರಡರಲ್ಲಿ ಒಂದು ಸೊನ್ನೆ ಆಗ್ಲೇಬೇಕು, ಅಂದ್ರೆ ಆ ಒಂದನ್ನು ಪಿ ಪೂರ್ತಿ ಭಾಗಿಸ್ತದೆ, ಅದು ಪ್ರಿಮಿಟಿವ್ ಆಗಿರ್ಲಿಕ್ಕೆ ಸಾಧ್ಯ ಇಲ್ಲ. ಪರೀಕ್ಷೆಗೆ ಖಂಡಿತ ಕೇಳ್ತಾರೆ, ಬರ್ದು ಅಭ್ಯಾಸ ಮಾಡಿ.

ಈಗ ಈ ಡೆಫಿನಿಷನನ್ನು ಫೀಲ್ಡ್ ಮೇಲೆ ತಂದ್ರೆ ಎಂತ ಆಗ್ತದೆ ನೋಡಿ. ಫೀಲ್ಡಲ್ಲಿ ಸೊನ್ನೆ ಬಿಟ್ಟು ಎಲ್ಲವೂ ಯುನಿಟ್. ಅಲ್ಲಿಗೆ ಸೊನ್ನೆ ಅಲ್ಲದ ಪ್ರತಿಯೊಂದು ಪಾಲಿನಾಮಿಯಲ್ಲೂ ಗೌಸ್ ಲೆಕ್ಕದಲ್ಲಿ ಪ್ರಿಮಿಟಿವ್ವೇ. ಎಲ್ಲರಿಗೂ ಸಿಕ್ಕುವ ಬಿರುದಿಗೆ ಬೆಲೆ ಎಂತದು, ಯಾರೂ ಅದನ್ನು ಹೇಳ್ಲಿಕ್ಕೇ ಹೋಗುದಿಲ್ಲ. ಹಾಗಾಗಿ ಫೈನೈಟ್ ಫೀಲ್ಡ್ ಮೇಲೆ ಪ್ರಿಮಿಟಿವ್ ಪಾಲಿನಾಮಿಯಲ್ ಅಂದ್ರೆ ಅದು ಯಾವಾಗ್ಲೂ ಎರಡನೇ ಅರ್ಥವೇ: ಎನ್ ಡಿಗ್ರಿಯ ಇರ್ರೆಡ್ಯೂಸಿಬಲ್ ಪಾಲಿನಾಮಿಯಲ್, ಅದ್ರ ಒಂದು ಮೂಲದ ಘಾತಗಳನ್ನು ತೆಗೀತಾ ಹೋದ್ರೆ ಆ ಮೂಲ ಸೇರಿಸಿ ಕಟ್ಟಿದ ದೊಡ್ಡ ಫೀಲ್ಡಿನ ಸೊನ್ನೆ ಅಲ್ಲದ ಎಲ್ಲಾ ಎಲಿಮೆಂಟೂ ಬರ್ಬೇಕು.

ನಿಮ್ಮದನ್ನೇ ನೋಡುವ. ಅದ್ರ ಮೂಲ ಬೀಟಾ ಅಂತ ಇಟ್ರೆ ಬೀಟಾ⁴ = ಬೀಟಾ³ + ಬೀಟಾ² + ಬೀಟಾ + 1 (ಎಫ್2 ಅಲ್ವ, ಮೈನಸ್ಸೂ ಪ್ಲಸ್ಸೂ ಒಂದೇ). ಇನ್ನೊಂದು ಸಲ ಬೀಟಾದಿಂದ ಗುಣಿಸಿ, ಬೀಟಾ⁵ = ಬೀಟಾ⁴ + ಬೀಟಾ³ + ಬೀಟಾ² + ಬೀಟಾ, ಅದು 1. ಐದಕ್ಕೇ ಸುತ್ತು ಮುಗೀತು. ಆ ಫೀಲ್ಡಲ್ಲಿ ಒಟ್ಟು 2⁴ = 16, ಸೊನ್ನೆ ಬಿಟ್ಟು 15 ಉಂಟು, ಇವನಿಗೆ ಸಿಕ್ಕಿದ್ದು 5 ಮಾತ್ರ.

ಅದೇ ಎಕ್ಸ್⁴ + ಎಕ್ಸ್ + 1 ತಗೊಂಡು ಆಲ್ಫಾ⁴ = ಆಲ್ಫಾ + 1 ಅಂತ ಬಳಸಿ ಹೋದ್ರೆ ಆಲ್ಫಾ⁵ = ಆಲ್ಫಾ² + ಆಲ್ಫಾ, ಆಲ್ಫಾ⁶ = ಆಲ್ಫಾ³ + ಆಲ್ಫಾ², ಆಲ್ಫಾ⁷ = ಆಲ್ಫಾ³ + ಆಲ್ಫಾ + 1, ಆಲ್ಫಾ⁸ = ಆಲ್ಫಾ² + 1, ಹೀಗೇ ಒಂದೂ ಪುನಃ ಬಾರದೆ ಆಲ್ಫಾ¹⁴ = ಆಲ್ಫಾ³ + 1 ವರೆಗೆ ಹೋಗ್ತದೆ, ಆಲ್ಫಾ¹⁵ಕ್ಕೆ 1 ಬರ್ತದೆ. ಇದು ಪ್ರಿಮಿಟಿವ್. ಮಧ್ಯದ್ದು ನೀವೇ ತುಂಬಿಸಿ, ಇಂಥದ್ದು ಕೈಯಲ್ಲಿ ಮಾಡಿದ್ರೆ ಮಾತ್ರ ಕೂರ್ತದೆ.

ಮಂಜೇಶ್ವರ ಟೀಚರ್

ಮಾಷ್ಟ್ರು ಪಾಲಿನಾಮಿಯಲ್ ವಿಷಯ ಚಂದ ಮಾಡಿ ಹೇಳಿದ್ದಾರೆ. ಪಾಲಿನಾಮಿಯಲ್ಲಾದ್ರೆ ಕೋಎಫಿಶಿಯೆಂಟ್ ನೋಡಿ ಬಚಾವಾಗ್ಬಹುದು, ಎಲಿಮೆಂಟಲ್ಲಿ ಹಾಗೆ ಆಗುದಿಲ್ಲ, ಅಲ್ಲಿ ಎರಡು ಅರ್ಥವೂ ಒಂದೇ ಫೀಲ್ಡಲ್ಲಿ ಒಟ್ಟಿಗೆ ಬಂದು ಕೂರ್ತವೆ.

√2 + √3 ಪ್ರಿಮಿಟಿವ್ ಅಂದ್ರೆ ಅದೊಂದನ್ನೇ ಭಾಗಲಬ್ಧ ಸಂಖ್ಯೆಗಳಿಗೆ ಸೇರಿಸಿದ್ರೆ √2, √3 ಎರಡೂ ಸಿಕ್ತವೆ, ಕೂಡುದು ಕಳೆಯುದು ಗುಣಿಸುದು ಭಾಗಿಸುದು ಎಲ್ಲದಕ್ಕೂ ಅನುಮತಿ ಉಂಟು. ಅದನ್ನು ಥೀಟಾ ಅಂತ ಕರೀರಿ. ಥೀಟಾ³ ಲೆಕ್ಕ ಹಾಕಿದ್ರೆ 11√2 + 9√3 ಬರ್ತದೆ, ಅದ್ರಿಂದ 9ಥೀಟಾ ಕಳೆದ್ರೆ 2√2. √2 ಸಿಕ್ಕಿತು, √3 ತಾನಾಗಿ ಬಂತು. ಆದ್ರೆ √6 ಪ್ರಿಮಿಟಿವ್ ಅಲ್ಲ, ಅದು ಡಿಗ್ರಿ 2ಕ್ಕೇ ನಿಲ್ತದೆ, ನಮಗೆ ಬೇಕಾದ್ದು 4. ಇದು ಫ್ರೆಂಚ್ ಗಣಿತಜ್ಞ ಗಾಲ್ವಾನ ಅರ್ಥ. ಅವ 1831ರ ಲೇಖನದಲ್ಲಿ ಇಂಥ ಎಲಿಮೆಂಟ್ ಇರ್ತದೆ ಅಂತ ಲೆಮ್ಮಾ ಮಾಡಿಯೇ ಮುಂದೆ ಹೋಗುದು. ಪಾಪ ಮರು ವರ್ಷ 20ನೇ ಪ್ರಾಯಕ್ಕೆ ತೀರಿಕೊಂಡ, ಲೇಖನ ಅಚ್ಚಾದ್ದು 1846ರಲ್ಲಿ.

ಫೈನೈಟ್ ಫೀಲ್ಡಲ್ಲಿ ಪ್ರಿಮಿಟಿವ್ ಅಂದ್ರೆ ಬರೀ ಗುಣಾಕಾರದಿಂದಲೇ ಎಲ್ಲಾ ಹುಟ್ಬೇಕು, ಕೂಡ್ಲಿಕ್ಕಿಲ್ಲ. ಇದು ಹೆಚ್ಚು ಕಟ್ಟುನಿಟ್ಟು. ಗುಣಾಕಾರದಿಂದ ಎಲ್ಲಾ ಬಂದ್ರೆ ಗಾಲ್ವಾ ಅರ್ಥದಲ್ಲಿ ಪ್ರಿಮಿಟಿವ್ ಆಗಿಯೇ ಆಗ್ತದೆ, ಉಲ್ಟಾ ನಿಜ ಅಲ್ಲ. ನಿಮ್ಮ 16 ಎಲಿಮೆಂಟಿನ ಫೀಲ್ಡಲ್ಲೇ ಎಣಿಸಿ. ಒಳಗೆ 4 ಎಲಿಮೆಂಟಿನ ಸಬ್‌ಫೀಲ್ಡ್ ಒಂದು ಉಂಟು, ಅದ್ರ ಹೊರಗೆ ಇರುವ 12 ಕೂಡ ಗಾಲ್ವಾ ಅರ್ಥದಲ್ಲಿ ಪ್ರಿಮಿಟಿವ್. ಆದ್ರೆ ಆರ್ಡರ್ (ಎಷ್ಟನೇ ಘಾತಕ್ಕೆ ಮೊದಲ ಸಲ 1 ಬರ್ತದೆ ಅನ್ನುದು) 15 ಇರುದು 8ಕ್ಕೆ ಮಾತ್ರ, ಉಳಿದ 4ರ ಆರ್ಡರ್ 5. ಮಾಷ್ಟ್ರ ಬೀಟಾ ಆ 4ರಲ್ಲಿ ಒಂದು. ಅಂದ್ರೆ ಬೀಟಾ ಒಂದು ಪಾಠದ ಪ್ರಕಾರ ಪ್ರಿಮಿಟಿವ್, ಇನ್ನೊಂದು ಪಾಠದ ಪ್ರಕಾರ ಅಲ್ಲ!

ಮತ್ತೆ ಇನ್‌ಫೈನೈಟ್ ಫೀಲ್ಡಲ್ಲಿ ಈ ಗಲಾಟೆ ಇಲ್ಲ, ಅಲ್ಲಿ ಗುಣಾಕಾರದ ಗ್ರೂಪು ಸೈಕ್ಲಿಕ್ (ಒಂದೇ ಎಲಿಮೆಂಟಿನ ಘಾತಗಳಿಂದ ಪೂರ್ತಿ ಬರುವಂಥದ್ದು) ಆಗುದೇ ಇಲ್ಲ, ಹಾಗಾಗಿ ಎರಡನೇ ಅರ್ಥ ಅಲ್ಲಿಗೆ ಬರ್ಲಿಕ್ಕೇ ಆಗುದಿಲ್ಲ. ಪರೀಕ್ಷೆಲಿ ಬರೀವಾಗ ಎಲ್ಲಿಂದ ಎಲ್ಲಿಗೆ ಎಕ್ಸ್‌ಟೆನ್ಷನ್ ಅಂತ ಒಂದು ಸಾಲು ಹಾಕಿ, ಇಲ್ಲದ್ರೆ ಗ್ರೂಪಿನ ಜನರೇಟರ್ ಅಂತ ನೇರ ಬರೀರಿ.

ಅಕ್ಕಲಕೋಟಿಯಾಂವ

ನಮ್ದು ಸೋಲಾಪುರ ಜಿಲ್ಲಾ ರೀ, ನಾ ಗಣಿತ ಕಲಿತಾಂವ ಅಲ್ಲ, ಎಲೆಕ್ಟ್ರಾನಿಕ್ಸ್. ನಮಗ ಪ್ರಿಮಿಟಿವ್ ಅಂದ್ರ ಒಂದ ಅರ್ಥ, ಶಿಫ್ಟ್ ರಿಜಿಸ್ಟರ್ (ಪ್ರತಿ ಸಲ ಬಿಟ್ಟುಗಳನ್ನ ಒಂದೊಂದು ಜಾಗ ಸರಿಸೂ ಸರ್ಕೀಟು) ಪೂರಾ ಸುತ್ತು ಹೊಡೀಬೇಕು ಅಷ್ಟ. ನಾಲ್ಕು ಬಿಟ್ಟಿನ ರಿಜಿಸ್ಟರಿಗೆ ಎಕ್ಸ್⁴ + ಎಕ್ಸ್ + 1 ಪ್ರಕಾರ ವೈರ್ ಹಾಕಿದ್ರ 0000 ಬಿಟ್ಟು 15 ಸ್ಟೇಟೂ ಒಂದರ ಹಿಂದ ಒಂದು ಬರ್ತಾವ. ಆ ಐದು ಟರ್ಮಿನದು ಹಾಕಿದ್ರ ಐದೈದರ ಮೂರು ಬ್ಯಾರೆ ಬ್ಯಾರೆ ಸುತ್ತು ಆಗ್ತಾವ, ಎಲ್ಲಿ ಶುರು ಮಾಡ್ತೀರಿ ಆ ಸುತ್ತಿನಾಗ ಸಿಕ್ಕೊಂಡು ಬೀಳ್ತೀರಿ. ಫೋನಿನಾಗ ಜಿಪಿಎಸ್ ಐತೆಲ್ಲಾ, ಅದರ ಸಿವಿಲ್ ಕೋಡ್ ಹತ್ತು ಬಿಟ್ಟಿನ ಇಂಥಾ ಎರಡು ರಿಜಿಸ್ಟರಿನಿಂದ ಹುಟ್ಟೂದು, ಉದ್ದ 1023, ಅಂದ್ರ 2ರ ಹತ್ತನೇ ಘಾತದಾಗ ಒಂದು ಕಮ್ಮಿ.

ಅಂಗಡ್ಯಾಗ ರೊಕ್ಕಾ ಕೊಡಾಕ ಕ್ಯೂಆರ್ ಸ್ಕ್ಯಾನ್ ಮಾಡ್ತೀರಲಾ, ಅದರಾಗೂ ಇದ ಐತಿ. ಅದರ ತಪ್ಪು ತಿದ್ದೂ ರೀಡ್ ಸಾಲೊಮನ್ ಕೋಡು 256 ಎಲಿಮೆಂಟಿನ ಫೀಲ್ಡಿನಾಗ ನಡೀತೈತಿ, ಪಾಲಿನಾಮಿಯಲ್ ಎಕ್ಸ್⁸ + ಎಕ್ಸ್⁴ + ಎಕ್ಸ್³ + ಎಕ್ಸ್² + 1, ಅದು ಪ್ರಿಮಿಟಿವ್. ಸ್ಟಿಕ್ಕರ್ ಸ್ವಲ್ಪ ಹರಿದ್ರೂ ಎಣ್ಣಿ ಹತ್ತಿದ್ರೂ ಓದ್ತೈತೆಲ್ಲಾ, ಅದು ಈ ಲೆಕ್ಕದ ಪುಣ್ಯ. ಆದ್ರ ಏಇಎಸ್ ಎನ್‌ಕ್ರಿಪ್ಷನ್ನಿನಾಗ ಹಾಕಿದ್ದು ಎಕ್ಸ್⁸ + ಎಕ್ಸ್⁴ + ಎಕ್ಸ್³ + ಎಕ್ಸ್ + 1. ಒಂದ ಟರ್ಮ್ ಫರಕು ನೋಡ್ರಿ, ಎಕ್ಸ್² ಹೋಗಿ ಎಕ್ಸ್ ಬಂತು, ಅದು ಇರ್ರೆಡ್ಯೂಸಿಬಲ್ ಖರೆ, ಪ್ರಿಮಿಟಿವ್ ಅಲ್ಲ. ಅಲ್ಲಿ ಎಕ್ಸ್‌ನ ಆರ್ಡರ್ 51 ಅಷ್ಟ, 255 ಅಲ್ಲ.

ಬದಿಯಡ್ಕದ ಹುಡುಗ

ಅಬ್ಬಾ, ಎಲ್ರಿಗೂ ಥ್ಯಾಂಕ್ಸ್. ಕ್ಯೂಆರ್ ವಿಷಯ ಗೊತ್ತೇ ಇರ್ಲಿಲ್ಲ ಅಣ್ಣ. ಆದ್ರೆ ಒಂದು ಡೌಟ್, ಏಇಎಸ್‌ದು ಪ್ರಿಮಿಟಿವ್ ಅಲ್ಲ ಅಂತಾದ್ರೆ ಆ ಫೀಲ್ಡಿಗೆ ಎಂತಾದ್ರೂ ಕಡಿಮೆ ಆಗ್ತದಾ? ಜನರೇಟರೇ ಇಲ್ವಾ ಅಲ್ಲಿ?

ಮಂಜೇಶ್ವರ ಟೀಚರ್

ಎಂತದೂ ಕಡಿಮೆ ಆಗುದಿಲ್ಲ. ಫೀಲ್ಡ್ ಕಟ್ಲಿಕ್ಕೆ ಇರ್ರೆಡ್ಯೂಸಿಬಲ್ ಸಾಕು, 256 ಎಲಿಮೆಂಟಿನ ಫೀಲ್ಡ್ ಐಸೊಮಾರ್ಫಿಸಂ ಲೆಕ್ಕದಲ್ಲಿ (ಎಲಿಮೆಂಟುಗಳ ಹೆಸರು ಬದಲಾದ್ರೂ ರಚನೆ ಅದೇ) ಒಂದೇ ಇರುದು, ಯಾವ ಪಾಲಿನಾಮಿಯಲ್ಲಿಂದ ಕಟ್ಟಿದ್ರೂ ಸರಿ. ಪ್ರತಿ ಫೈನೈಟ್ ಫೀಲ್ಡಿಗೂ ಜನರೇಟರ್ ಇದ್ದೇ ಇರ್ತದೆ, ಪ್ರಿಮಿಟಿವ್ ಅಲ್ಲ ಅಂದ್ರೆ ಎಕ್ಸ್ ಅನ್ನುವ ಆ ಒಂದು ಎಲಿಮೆಂಟ್ ಜನರೇಟರ್ ಅಲ್ಲ ಅಂತ ಮಾತ್ರ. ಏಇಎಸ್‌ನಲ್ಲಿ ಎಕ್ಸ್ + 1 ಜನರೇಟರ್.

ಸಣ್ಣದ್ರಲ್ಲಿ ಮಾಡಿ ನೋಡಿ: ಬೀಟಾ + 1ನ್ನು ಗಾಮಾ ಅಂತ ಇಟ್ಟು, ಬೀಟಾ ಜಾಗದಲ್ಲಿ ಗಾಮಾ + 1 ಹಾಕಿ ಐದು ಟರ್ಮನ್ನೂ ಬಿಡಿಸಿ. ಎಫ್2 ಆದ್ದರಿಂದ ಜೋಡಿ ಬಂದದ್ದೆಲ್ಲಾ ಹಾರಿ ಹೋಗಿ ಗಾಮಾ⁴ + ಗಾಮಾ³ + 1 = 0 ಉಳೀತದೆ, ಇದು ಪ್ರಿಮಿಟಿವ್ ಪಾಲಿನಾಮಿಯಲ್. ಬೀಟಾ ಐದಕ್ಕೇ ಸುಸ್ತಾದ ಜಾಗದಲ್ಲಿ ಪಕ್ಕದವ ಬೀಟಾ + 1 ಹದಿನೈದೂ ಸುತ್ತಿ ಬರ್ತಾನೆ.

ಪೆರ್ಲದವ

ಇನ್ನೂ ಉಂಟು ಮಾರಾಯಾ, ಹೆದರ್ಬೇಡ. ಗ್ರೂಪ್ ಆಕ್ಷನ್ನಲ್ಲಿ ಪ್ರಿಮಿಟಿವ್ ಗ್ರೂಪ್ ಅಂತ ಬರ್ತದೆ, ಟ್ರಾನ್ಸಿಟಿವ್ ಆಗಿದ್ದು (ಯಾವ ಬಿಂದುವನ್ನೂ ಬೇರೆ ಯಾವುದಕ್ಕೂ ಒಯ್ಲಿಕ್ಕೆ ಆಗುದು), ಬಿಂದುಗಳನ್ನು ಸಣ್ಣ ಪಂಗಡ ಮಾಡುವ ಯಾವ ಬ್ಲಾಕ್ ವಿಂಗಡಣೆಯೂ ಉಳಿಯದ್ದು. ಚೌಕದ ಸಿಮೆಟ್ರಿ ಗ್ರೂಪು ನಾಲ್ಕು ಮೂಲೆಗಳ ಮೇಲೆ ಪ್ರಿಮಿಟಿವ್ ಅಲ್ಲ, ಎದುರೆದುರು ಮೂಲೆಗಳ ಜೋಡಿ ಎಷ್ಟು ತಿರುಗಿಸಿದ್ರೂ ಜೋಡಿಯಾಗಿಯೇ ಇರ್ತದೆ. ನಾನ್ ಕಮ್ಯುಟೇಟಿವ್ ರಿಂಗಲ್ಲಿ ಪ್ರಿಮಿಟಿವ್ ರಿಂಗ್ ಅಂದ್ರೆ ಫೇತ್‌ಫುಲ್ ಸಿಂಪಲ್ ಮಾಡ್ಯೂಲ್ ಇರುದು, ಕಮ್ಯುಟೇಟಿವ್ ಆದ್ರೆ ಅದು ಫೀಲ್ಡೇ. ಅದ್ರಲ್ಲೂ ಎಡ ಪ್ರಿಮಿಟಿವ್ ಬಲ ಪ್ರಿಮಿಟಿವ್ ಬೇರೆ, ಒಂದು ಕಡೆ ಮಾತ್ರ ಪ್ರಿಮಿಟಿವ್ ಆದ ರಿಂಗಿಗೆ ಬರ್ಗ್‌ಮನ್ 1964ರಲ್ಲಿ ಉದಾಹರಣೆ ಕೊಟ್ಟ. ಹಾಫ್ ಆಲ್ಜಿಬ್ರಾದಲ್ಲೂ ಪ್ರಿಮಿಟಿವ್ ಎಲಿಮೆಂಟ್ ಉಂಟು, ಅದು ನಿನ್ನ ಸಿಲಬಸ್ಸಲ್ಲಿ ಇರ್ಲಿಕ್ಕಿಲ್ಲ, ಬಿಡು. ನನ್ನ ಪ್ರಕಾರ ಇದೆಲ್ಲಾ ಹೆಸರಿಡುವವರ ಸೋಮಾರಿತನ. ನಾರ್ಮಲ್, ರೆಗ್ಯುಲರ್ ಕೂಡ ಹಾಗೇ, ಎಲ್ಲಿ ನೋಡಿದ್ರೂ ಅದೇ.

ಪರೀಕ್ಷೆಗೆ ಸಿಕ್ಕಿ ಬೀಳುವ ಜಾಗ ಇನ್ನೊಂದು: ಪ್ರಿಮಿಟಿವ್ ರೂಟ್ ಮತ್ತೆ ಪ್ರಿಮಿಟಿವ್ ರೂಟ್ ಆಫ್ ಯುನಿಟಿ. ಮಾಡ್ಯುಲೋ 7ರಲ್ಲಿ 2ರ ಘಾತ 2, 4, 1. ಮೂರನೇ ಘಾತಕ್ಕೆ ಮೊದಲ ಸಲ 1 ಬಂತು, ಹಾಗಾಗಿ ಅದು ಪ್ರಿಮಿಟಿವ್ ಕ್ಯೂಬ್ ರೂಟ್ ಆಫ್ ಯುನಿಟಿ, ಆದ್ರೆ 1ರಿಂದ 6ರ ವರೆಗೆ ಎಲ್ಲಾ ಬರ್ಲಿಲ್ಲ, ಹಾಗಾಗಿ 7ರ ಪ್ರಿಮಿಟಿವ್ ರೂಟ್ ಅಲ್ಲ. ಪ್ರಿಮಿಟಿವ್ ರೂಟ್ ಬೇಕಾದ್ರೆ 3 ತಗೋ: 3, 2, 6, 4, 5, 1.

ಬದಿಯಡ್ಕದ ಹುಡುಗ

ಎಡ ಬಲ ಎಲ್ಲಾ ಈಗ ಬೇಡ ಅಣ್ಣ 😀 ಕಡೇದೊಂದು. ಪಾಲಿನಾಮಿಯಲ್ ಕೊಟ್ಟು ಪ್ರಿಮಿಟಿವ್ವಾ ನೋಡು ಅಂದ್ರೆ ಪ್ರತಿ ಸಲ 15 ಘಾತವನ್ನೂ ಬರೀಬೇಕಾ? ಡಿಗ್ರಿ 5 ಕೊಟ್ರೆ 31 ಬರೀಲಿಕ್ಕೆ ಟೈಮೆಲ್ಲಿ?

ಕುಂಬಳೆ ಮಾಷ್ಟ್ರು

ಬರೀಬೇಕಾಗಿಲ್ಲ. ಮೊದಲು ಇರ್ರೆಡ್ಯೂಸಿಬಲ್ ಅಂತ ತೋರ್ಸಿ. ಆಮೇಲೆ ಲಗ್ರಾಂಜ್ ನೆನಪು ಮಾಡ್ಕೊಳ್ಳಿ, ಆರ್ಡರು 15ನ್ನು ಭಾಗಿಸ್ಬೇಕು, ಅಂದ್ರೆ 1, 3, 5, 15 ಇಷ್ಟೇ ಸಾಧ್ಯ. ಆಲ್ಫಾ³ ಮತ್ತೆ ಆಲ್ಫಾ⁵ ಎರಡೂ 1 ಅಲ್ಲ ಅಂತ ತೋರ್ಸಿದ್ರೆ ಮುಗೀತು. ಎಕ್ಸ್⁴ + ಎಕ್ಸ್ + 1ಕ್ಕೆ ಆಲ್ಫಾ³ ಇದ್ದ ಹಾಗೇ ಇರ್ತದೆ, ಡಿಗ್ರಿ 4ಕ್ಕಿಂತ ಕಡಿಮೆ ಅಲ್ವ, ಆಲ್ಫಾ⁵ = ಆಲ್ಫಾ² + ಆಲ್ಫಾ, ಅದೂ 1 ಅಲ್ಲ. ಎರಡು ಸಾಲಿನ ಉತ್ತರ.

ಡಿಗ್ರಿ 5 ಕೊಟ್ರೆ ಖುಷಿ ಪಡಿ, 31 ಅವಿಭಾಜ್ಯ ಸಂಖ್ಯೆ. 1 ಬಿಟ್ರೆ ಆರ್ಡರ್ 31ಏ ಆಗ್ಬೇಕು, ಹಾಗಾಗಿ ಎಫ್2 ಮೇಲೆ ಡಿಗ್ರಿ 5ರ ಇರ್ರೆಡ್ಯೂಸಿಬಲ್ ಆರೂ ಪ್ರಿಮಿಟಿವ್. ಡಿಗ್ರಿ 4ರಲ್ಲಿ ಇರ್ರೆಡ್ಯೂಸಿಬಲ್ ಇರುದೇ ಮೂರು, ಅದ್ರಲ್ಲಿ ಎರಡು ಪ್ರಿಮಿಟಿವ್, ಉಳಿದದ್ದು ನಿಮ್ಮ ಐದು ಟರ್ಮಿನದ್ದು. ಎಣಿಸ್ಲಿಕ್ಕೆ ಆಯ್ಲರ್ ಫೈ (ಆ ಸಂಖ್ಯೆಗಿಂತ ಚಿಕ್ಕ, ಅದ್ರ ಜೊತೆ 1 ಬಿಟ್ಟು ಸಾಮಾನ್ಯ ಅಪವರ್ತನ ಇಲ್ಲದವು ಎಷ್ಟು ಅನ್ನುದು) ಸಾಕು: ಫೈ(15) = 8, ಒಂದೊಂದು ಪಾಲಿನಾಮಿಯಲ್‌ಗೂ ನಾಲ್ಕು ಮೂಲ, 8 ÷ 4 = 2. ಡಿಗ್ರಿ 6ಕ್ಕೆ 63 = 9 × 7, ಅಲ್ಲಿ ಆಲ್ಫಾ²¹ ಮತ್ತೆ ಆಲ್ಫಾ⁹ ನೋಡಿದ್ರೆ ಸಾಕು, ಯಾಕೆ ಸಾಕು ಅಂತ ಯೋಚ್ನೆ ಮಾಡಿ, ಸಿಗದಿದ್ರೆ ಇಲ್ಲೇ ಕೇಳಿ.