ವಕೀಲರನ್ನು ಕೇಳಿ: ಸುದ್ದಿ ಬರೆದವರಿಗೂ ಸುದ್ದಿಯಿಂದ ನೊಂದವರಿಗೂ

ನಿರ್ವಾಹಕರು: ಮಾಧ್ಯಮ ಸಂಬಂಧಿ ಮೊಕದ್ದಮೆಗಳನ್ನು ನಡೆಸುವ ವಕೀಲರೊಬ್ಬರು ಇಂದು ಸಂಜೆ ಗುಂಪಿನ ಪ್ರಶ್ನೆಗಳಿಗೆ ಉತ್ತರಿಸಲಿದ್ದಾರೆ. ವಕೀಲಿಕೆಗೆ ಬರುವ ಮೊದಲು ಅವರು ದಿನಪತ್ರಿಕೆಯೊಂದರಲ್ಲಿ ಉಪಸಂಪಾದಕಿಯಾಗಿದ್ದರು. ಎದುರು ಪಕ್ಷದವರ ಹೆಸರು, ಕಚೇರಿ ಮತ್ತು ಊರನ್ನು ದಯವಿಟ್ಟು ಯಾರೂ ಬರೆಯಬೇಡಿ.

ಗೃಹಿಣಿ, ಮೈಸೂರು: ನಮಸ್ಕಾರ ಮೇಡಂ. ಕಳ್ಳತನದ ಪ್ರಕರಣದಲ್ಲಿ ಸಾಕ್ಷಿ ಹೇಳಲು ಠಾಣೆಗೆ ಹೋಗಿದ್ದ ನನ್ನ ತಮ್ಮನ ಚಿತ್ರವನ್ನು ಸ್ಥಳೀಯ ದಿನಪತ್ರಿಕೆಯೊಂದು ಆರೋಪಿಯ ಚಿತ್ರವೆಂದು ಪ್ರಕಟಿಸಿದೆ. ಫೋನ್ ಮಾಡಿದರೆ ನೋಡೋಣ ಎನ್ನುತ್ತಾರೆ. ಪತ್ರಿಕಾ ಮಂಡಳಿಗೆ ದೂರು ಕೊಟ್ಟರೆ ಪರಿಹಾರದ ಹಣ ಸಿಗುತ್ತದೆಯೇ?

ವಕೀಲರು: ನಮಸ್ಕಾರ. ಹಣ ಸಿಗುವುದಿಲ್ಲ. 1978ರ ಕಾಯ್ದೆಯಂತೆ ಭಾರತೀಯ ಪತ್ರಿಕಾ ಮಂಡಳಿಯು ಪತ್ರಿಕೆಗೆ ಎಚ್ಚರಿಕೆ ನೀಡಬಹುದು, ಛೀಮಾರಿ ಹಾಕಬಹುದು. ದಂಡ ವಿಧಿಸುವ ಅಧಿಕಾರ ಅದಕ್ಕಿಲ್ಲ. ಆದರೂ ದೂರು ಕೊಡಿ, ಏಕೆಂದರೆ ತಪ್ಪಾಗಿದೆ ಎಂದು ಮಂಡಳಿಯು ಹೇಳಿದ ಮಾತು ನಿಮ್ಮ ತಮ್ಮನಿಗೆ ಜೀವನಪೂರ್ತಿ ಉಪಯೋಗಕ್ಕೆ ಬರುವ ಕಾಗದ. ಮೊದಲು ಸಂಪಾದಕರಿಗೆ ಲಿಖಿತವಾಗಿ ದೂರು ಸಲ್ಲಿಸಿರಬೇಕು. ಫೋನ್ ಕರೆ ಲೆಕ್ಕಕ್ಕೆ ಬರುವುದಿಲ್ಲ. ಮುದ್ರಕರು, ಪ್ರಕಾಶಕರು, ಸಂಪಾದಕರು ಎಂದು ಪತ್ರಿಕೆಯಲ್ಲಿ ಸಣ್ಣ ಅಕ್ಷರದಲ್ಲಿ ಅಚ್ಚಾಗಿರುವ ಸಾಲಿನಲ್ಲಿ ಹೆಸರು ಮತ್ತು ವಿಳಾಸ ಇರುತ್ತವೆ. ಸ್ಪೀಡ್ ಪೋಸ್ಟ್‌ನಲ್ಲಿ ಪತ್ರ ಕಳಿಸಿ, ರಸೀದಿ ಇಟ್ಟುಕೊಳ್ಳಿ. ದಿನಪತ್ರಿಕೆ ಮತ್ತು ವಾರಪತ್ರಿಕೆಗಳ ವಿಷಯದಲ್ಲಿ ಪ್ರಕಟವಾದ ದಿನದಿಂದ 2 ತಿಂಗಳೊಳಗೆ ಮಂಡಳಿಗೆ ದೂರು ತಲುಪಬೇಕು. ಕನ್ನಡ ಸುದ್ದಿಯಾದರೆ ತುಣುಕಿನ ಜೊತೆಗೆ ಇಂಗ್ಲಿಷ್ ಅನುವಾದ ಬೇಕು. ಹಣವೇ ಬೇಕೆಂದರೆ ಸಿವಿಲ್ ನ್ಯಾಯಾಲಯದಲ್ಲಿ ಮಾನನಷ್ಟ ದಾವೆ ಹೂಡಬೇಕು. ಅದಕ್ಕೆ ಕಾಲಮಿತಿ 1 ವರ್ಷ.

ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ: ಇಷ್ಟೆಲ್ಲ ಅಲೆದಾಟ ಏಕೆ? ನನಗೆ ಬಂದಿರುವ ಸಂದೇಶವನ್ನು ಹಾಗೆಯೇ ಕೊಡುತ್ತಿದ್ದೇನೆ: "ಯಾವುದೇ ಪತ್ರಿಕೆ ಅಥವಾ ವಾಹಿನಿ ಸುಳ್ಳು ಸುದ್ದಿ ಹಾಕಿದರೆ ಪತ್ರಿಕಾ ಮಂಡಳಿಗೆ ಒಂದು ಇಮೇಲ್ ಕಳಿಸಿ. 15 ದಿನದಲ್ಲಿ ಪರವಾನಗಿ ರದ್ದಾಗುತ್ತದೆ. ಕೆಳಗಿನ ಮಾದರಿ ನೋಟಿಸ್ ಕಳಿಸಿದರೆ 7 ದಿನದಲ್ಲಿ ಕ್ಷಮಾಪಣೆ ಮತ್ತು 1 ಕೋಟಿ ಪರಿಹಾರ ಕಡ್ಡಾಯ. ಎಲ್ಲರಿಗೂ ಹಂಚಿ."

ವಕೀಲರು: ಈ ಸಂದೇಶದ ಒಂದು ವಾಕ್ಯವೂ ನಿಜವಲ್ಲ. ಮಂಡಳಿಯ ವ್ಯಾಪ್ತಿಗೆ ಟಿ.ವಿ. ಬರುವುದೇ ಇಲ್ಲ. ನೋಟಿಸು ಯಾರ ಮೇಲೂ ಏನನ್ನೂ ಕಡ್ಡಾಯ ಮಾಡುವುದಿಲ್ಲ; ಅದು ಒಂದು ಪಕ್ಷದ ಬೇಡಿಕೆಯಷ್ಟೆ. ಮಾದರಿ ನೋಟಿಸು ಕಳಿಸಿ, 1 ಕೋಟಿಯ ದಾರಿ ಕಾಯುತ್ತಾ ಕಾಲಮಿತಿ ಕಳೆದುಕೊಂಡವರನ್ನು ನಾನು ಬಲ್ಲೆ. ದಯವಿಟ್ಟು ಇದನ್ನು ಹಂಚಬೇಡಿ.

ಶಿಕ್ಷಕರು, ಧಾರವಾಡ: ಹಾಗಾದರೆ ಟಿ.ವಿ. ವಾಹಿನಿಯ ವಿರುದ್ಧ ಯಾರಿಗೆ ದೂರು ಕೊಡಬೇಕು?

ವಕೀಲರು: ಮೊದಲು ವಾಹಿನಿಗೇ ಕೊಡಬೇಕು, ಸಾಧ್ಯವಾದರೆ ಪ್ರಸಾರವಾದ 7 ದಿನದೊಳಗೆ, ದಿನಾಂಕ ಮತ್ತು ಸಮಯ ನಮೂದಿಸಿ. 2021ರಲ್ಲಿ ತಿದ್ದುಪಡಿಯಾದ ಕೇಬಲ್ ಟೆಲಿವಿಷನ್ ನಿಯಮಗಳಂತೆ ವಾಹಿನಿಯು 15 ದಿನದೊಳಗೆ ತೀರ್ಮಾನ ತಿಳಿಸಬೇಕು. ಒಪ್ಪಿಗೆಯಾಗದಿದ್ದರೆ ಆ ವಾಹಿನಿ ಸದಸ್ಯನಾಗಿರುವ ಸ್ವನಿಯಂತ್ರಣ ಸಂಸ್ಥೆಗೆ, ಅಂದರೆ ವಾಹಿನಿಗಳೇ ಸೇರಿ ಕಟ್ಟಿಕೊಂಡ ಸಂಸ್ಥೆಗೆ, ಅಲ್ಲಿಂದ ಮುಂದೆ ಕೇಂದ್ರ ಸರ್ಕಾರಕ್ಕೆ ಹೋಗಬಹುದು. ಸುದ್ದಿವಾಹಿನಿಗಳ ಇಂಥ ಸಂಸ್ಥೆಯೊಂದು ವಿಧಿಸಬಹುದಾಗಿದ್ದ ಗರಿಷ್ಠ ದಂಡ 1 ಲಕ್ಷ ರೂಪಾಯಿ. ಇದು ಯಾರಿಗೂ ತಾಗುವುದಿಲ್ಲವೆಂದು 2023ರಲ್ಲಿ ಸರ್ವೋಚ್ಚ ನ್ಯಾಯಾಲಯವೇ ಅಸಮಾಧಾನ ತೋರಿತ್ತು.

ವ್ಯಾಪಾರಿ, ತುಮಕೂರು: ಮೇಡಂ, ಟಿ.ವಿ.ಯವರ ಮೇಲೆ ದೂರು ಎಲ್ಲಿ ಕೊಡಬೇಕು?

ವಕೀಲರು: ಮೇಲಿನ ಉತ್ತರವನ್ನು ಓದಿ.

ಬಿಡಿ ಸುದ್ದಿಗಾರ, ಕಲ್ಯಾಣ ಕರ್ನಾಟಕ: ಮೇಡಂ, ನಾನು ವಾರಪತ್ರಿಕೆಗೆ ಬರೆಯುತ್ತೇನೆ. ಸರ್ಕಾರಿ ವಿದ್ಯಾರ್ಥಿನಿಲಯವೊಂದರಲ್ಲಿ ಇರುವ ಮಕ್ಕಳಿಗಿಂತ ಹೆಚ್ಚಿನ ಸಂಖ್ಯೆಯನ್ನು ಹಾಜರಾತಿ ವಹಿಯಲ್ಲಿ ತೋರಿಸಿ ದಿನಸಿ ಬಿಲ್ಲು ಮಾಡಲಾಗುತ್ತಿದೆಯೆಂದು ಕಳೆದ ತಿಂಗಳು ಬರೆದೆ. ವಹಿಯ ಒಂದು ಪುಟದ ಚಿತ್ರವನ್ನೂ ಹಾಕಿದ್ದೆವು. ಈಗ ನಿಲಯದ ಮೇಲ್ವಿಚಾರಕರು ಮತ್ತು ದಿನಸಿ ಪೂರೈಕೆದಾರರು ಸೇರಿ 25 ಲಕ್ಷ ರೂಪಾಯಿಯ ಮಾನನಷ್ಟ ನೋಟಿಸು ಕಳಿಸಿದ್ದಾರೆ. ಪುಟ ಕೊಟ್ಟವರು ಯಾರೆಂದು ಹೇಳಿದರೆ ನನ್ನನ್ನು ಬಿಡುವುದಾಗಿ ಬಾಯಿಮಾತಿನಲ್ಲಿ ಹೇಳುತ್ತಿದ್ದಾರೆ. ಕ್ಷಮಾಪಣೆ ಹಾಕಿಬಿಡೋಣ ಎಂಬುದು ನಮ್ಮ ಸಂಪಾದಕರ ಅಭಿಪ್ರಾಯ. ಪೊಲೀಸರು ನನ್ನನ್ನು ಬಂಧಿಸಬಹುದೇ?

ವಕೀಲರು: ನಿಮಗಿಂತ ಹೆಚ್ಚಾಗಿ, ಆ ಪುಟ ಕೊಟ್ಟವರ ಬಗ್ಗೆ ನನಗೆ ಆತಂಕವಾಗುತ್ತಿದೆ. ಆದ್ದರಿಂದ ಸ್ವಲ್ಪ ದೀರ್ಘವಾಗಿ ಬರೆಯುತ್ತೇನೆ.

ಬಂಧನದ ಮಾತು ಮೊದಲು. 2024ರ ಜುಲೈ 1ರಿಂದ ಮಾನಹಾನಿಯು ಭಾರತೀಯ ನ್ಯಾಯ ಸಂಹಿತೆಯ 356ನೇ ಸೆಕ್ಷನ್ನಿನಲ್ಲಿದೆ. ಮಾನಹಾನಿಯೊಂದನ್ನೇ ಹಿಡಿದುಕೊಂಡು ಪೊಲೀಸರು ಎಫ್.ಐ.ಆರ್. ದಾಖಲಿಸುವಂತಿಲ್ಲ, ನೊಂದವರು ನ್ಯಾಯಾಲಯಕ್ಕೆ ಖಾಸಗಿ ದೂರು ಕೊಡಬೇಕು, ಮತ್ತು ಕ್ರಿಮಿನಲ್ ಪ್ರಕರಣಗಳ ಹೊಸ ಪ್ರಕ್ರಿಯಾ ಸಂಹಿತೆಯಂತೆ ಮ್ಯಾಜಿಸ್ಟ್ರೇಟರು ಆ ದೂರನ್ನು ಪರಿಗಣನೆಗೆ ತೆಗೆದುಕೊಳ್ಳುವ ಮೊದಲೇ ನಿಮ್ಮ ಮಾತನ್ನು ಕೇಳಬೇಕು. ಸತ್ಯವನ್ನೇ ಬರೆದಿದ್ದೇನೆಂಬ ವಾದ ಸಿವಿಲ್ ದಾವೆಯಲ್ಲಿ ಸಾಕಾಗುತ್ತದೆ, ಕ್ರಿಮಿನಲ್ ಪ್ರಕರಣದಲ್ಲಿ ಸಾಕಾಗುವುದಿಲ್ಲ: ಸಾರ್ವಜನಿಕ ಹಿತಕ್ಕಾಗಿ ಬರೆದದ್ದೆಂದೂ ತೋರಿಸಬೇಕು. ಮಕ್ಕಳ ಊಟದ ಲೆಕ್ಕದಲ್ಲಿ ಅದು ಕಷ್ಟವಲ್ಲ.

ನೋಟಿಸು ಕಳಿಸಿದ ಇಬ್ಬರೂ ಒಂದೇ ತಕ್ಕಡಿಯವರಲ್ಲ. ಆರ್. ರಾಜಗೋಪಾಲ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ 1994ರಲ್ಲಿ ಕೊಟ್ಟ ತೀರ್ಪಿನಂತೆ ಸರ್ಕಾರವಾಗಲಿ ಸ್ಥಳೀಯ ಸಂಸ್ಥೆಯಾಗಲಿ ಮಾನನಷ್ಟ ಪರಿಹಾರ ಕೇಳುವಂತಿಲ್ಲ, ಮತ್ತು ಸರ್ಕಾರಿ ನೌಕರನು ತನ್ನ ಕರ್ತವ್ಯದ ಕುರಿತ ವರದಿಗೆ ಪರಿಹಾರ ಕೇಳಬೇಕಾದರೆ ಅದು ಸುಳ್ಳೆಂದೂ, ಸತ್ಯಾಸತ್ಯತೆಯನ್ನು ಲೆಕ್ಕಿಸದೆ ಬರೆದದ್ದೆಂದೂ ಸಾಬೀತುಪಡಿಸಬೇಕು. ಬರೆಯುವ ಮೊದಲು ಸಮಂಜಸವಾಗಿ ಪರಿಶೀಲಿಸಿದ್ದೆನೆಂದು ವರದಿಗಾರ ತೋರಿಸಿದರೆ ಸಾಕು. ಪೂರೈಕೆದಾರರು ಖಾಸಗಿ ವ್ಯಕ್ತಿ. ಅವರಿಗೆ ಈ ತಡೆಗೋಡೆ ಅಡ್ಡ ಬರುವುದಿಲ್ಲ. ನಿಮ್ಮ ಮಾತು ಕೇಳದೆಯೇ ಅವರು ತಡೆಯಾಜ್ಞೆ ತರಬಹುದಾದ್ದರಿಂದ ನ್ಯಾಯಾಲಯದಲ್ಲಿ ಕೇವಿಯಟ್ (ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಎಂಬ ಮುಂಚಿತ ಅರ್ಜಿ) ಹಾಕಿಸಿ, ಅದು 90 ದಿನ ಊರ್ಜಿತವಾಗಿರುತ್ತದೆ. ಮಾಧ್ಯಮದ ವರದಿಗೆ ವಿಚಾರಣೆಗೂ ಮೊದಲೇ ತಡೆ ಕೊಡುವುದು ಅಪರೂಪವಾಗಿರಬೇಕೆಂದು 2024ರ ಮಾರ್ಚ್‌ನಲ್ಲಿ ಬ್ಲೂಮ್‌ಬರ್ಗ್ ಸುದ್ದಿಸಂಸ್ಥೆಯ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ಅದರ ಪ್ರತಿಯನ್ನು ನಿಮ್ಮ ವಕೀಲರಿಗೆ ಕೊಡಿ.

ಇನ್ನು ನನ್ನ ಆತಂಕ. ಪತ್ರಿಕಾ ಮಂಡಳಿಯ ಕಾಯ್ದೆಯ 15ನೇ ಸೆಕ್ಷನ್ ಸುದ್ದಿಯ ಮೂಲವನ್ನು ಹೇಳುವಂತೆ ಪತ್ರಕರ್ತರನ್ನು ಒತ್ತಾಯಿಸುವುದಿಲ್ಲ, ಆದರೆ ಆ ರಕ್ಷಣೆ ಮಂಡಳಿಯ ಮುಂದೆ ಮಾತ್ರ. ನ್ಯಾಯಾಲಯದಲ್ಲಿ ಪತ್ರಕರ್ತನಿಗೆ ಅಂಥ ಲಿಖಿತ ಹಕ್ಕಿಲ್ಲ. ಅಕ್ರಮ ಬಯಲು ಮಾಡುವವರ ರಕ್ಷಣೆಗೆಂದು 2014ರಲ್ಲಿ ಮಾಡಿದ ಕಾಯ್ದೆ ಜಾರಿಗೇ ಬಂದಿಲ್ಲ. ನೀವೋ ಕೈಬರಹ, ದಿನಾಂಕ, ಸಹಿಯ ಮೂಲೆ ಎಲ್ಲವೂ ಕಾಣುವ ಪುಟವನ್ನೇ ಅಚ್ಚು ಹಾಕಿದ್ದೀರಿ. ಆ ವಹಿ ಯಾರ ಕೈಗೆ ಸಿಗುತ್ತದೆಂಬುದು ನಿಲಯದಲ್ಲಿ ಎಲ್ಲರಿಗೂ ಗೊತ್ತು. ಪುಟದಲ್ಲಿದ್ದ ಅಂಕಿಗಳನ್ನಷ್ಟೇ ಬರೆದಿದ್ದರೆ ಸಾಕಾಗಿತ್ತು.

ಆದ್ದರಿಂದ ಆ ಪುಟ ಕೊಟ್ಟವರನ್ನು ಅವಲಂಬಿಸದ ದಾಖಲೆಯೊಂದು ನಿಮಗೆ ಈಗಲೇ ಬೇಕು. ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ: ಶುಲ್ಕ 10 ರೂಪಾಯಿ, ನಮ್ಮ ರಾಜ್ಯದಲ್ಲಿ ಒಂದೇ ವಿಷಯ, 150 ಪದಗಳ ಮಿತಿ, ಉತ್ತರಕ್ಕೆ 30 ದಿನ. ಸೋರಿದ ಪುಟದ ತಿಂಗಳನ್ನು ಮಾತ್ರ ಕೇಳಬೇಡಿ. ಇಡೀ ವರ್ಷದ ದೈನಂದಿನ ಹಾಜರಾತಿ ಸಂಖ್ಯೆ ಮತ್ತು ದಾಸ್ತಾನು ವಹಿಯ ಪ್ರತಿಗಳನ್ನು ಕೇಳಿ. ಮಕ್ಕಳ ಹೆಸರು ಬೇಡವೆಂದು ನೀವೇ ಬರೆಯಿರಿ. ಮಕ್ಕಳಿಗೂ ಅದೇ ಕ್ಷೇಮ, ವೈಯಕ್ತಿಕ ಮಾಹಿತಿಯೆಂಬ ನೆಪದಲ್ಲಿ ಅರ್ಜಿ ತಿರಸ್ಕರಿಸುವ ದಾರಿಯೂ ಮುಚ್ಚುತ್ತದೆ. ಚಿತ್ರ ತೆಗೆದ ಫೋನನ್ನು ಮಾರಬೇಡಿ, ಅಳಿಸಬೇಡಿ. ಪ್ರಕಟಿಸುವ ಮೊದಲು ಮೇಲ್ವಿಚಾರಕರ ಪ್ರತಿಕ್ರಿಯೆ ಕೇಳಿದ್ದಿರಾ? ಅದಕ್ಕೆ ದಾಖಲೆ ಇದೆಯೇ? ನಿಮ್ಮ ಪ್ರಕರಣ ನಿಲ್ಲುವುದೂ ಬೀಳುವುದೂ ಬಹುಮಟ್ಟಿಗೆ ಈ ಪ್ರಶ್ನೆಯ ಮೇಲೆ.

ಬಿಡಿ ಸುದ್ದಿಗಾರ, ಕಲ್ಯಾಣ ಕರ್ನಾಟಕ: ಫೋನ್ ಮಾಡಿದ್ದೆ ಮೇಡಂ, ಅವರು ಎತ್ತಲಿಲ್ಲ. ಸಂದೇಶ ಕಳಿಸಿದ್ದೆ, ಓದಿದ್ದಾರೆ, ಉತ್ತರಿಸಿಲ್ಲ. ಸಂದೇಶ ಈಗಲೂ ಇದೆ.

ವಕೀಲರು: ಒಳ್ಳೆಯದು. ಅದನ್ನು ಹಾಗೆಯೇ ಉಳಿಸಿಕೊಳ್ಳಿ.

ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ: ಈ ಹುಡುಗನಿಗೆ ಇಷ್ಟೊಂದು ಕಾಳಜಿ ಏಕೆಂದು ತಿಳಿಯುತ್ತಿಲ್ಲ. ವಾರಪತ್ರಿಕೆಗಳು ಮೊದಲು ಬರೆದು, ಆಮೇಲೆ ದುಡ್ಡು ಕೇಳುವುದನ್ನು ಊರೂರಿನಲ್ಲಿ ನೋಡಿದ್ದೇವೆ. ಚುನಾವಣೆಯಲ್ಲಿ ಜಾಹೀರಾತನ್ನೇ ಸುದ್ದಿಯೆಂದು ಮಾರಿದವರು ಸಂಸ್ಥೆಗಳನ್ನು ಪ್ರಶ್ನಿಸುವ ನೈತಿಕತೆ ಎಲ್ಲಿಂದ ತಂದರು?

ಹಿರಿಯ ಪತ್ರಕರ್ತರು, ಬೆಂಗಳೂರು: ಕಾಸಿಗಾಗಿ ಸುದ್ದಿಯ ಬಗ್ಗೆ ಮೊದಲು ಬರೆದವರೂ ಪತ್ರಕರ್ತರೇ. 2010ರಲ್ಲಿ ಪತ್ರಿಕಾ ಮಂಡಳಿಯ ಉಪಸಮಿತಿಯು ಆ ಕುರಿತು ವಿವರವಾದ ವರದಿ ಸಿದ್ಧಪಡಿಸಿತ್ತು.

ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ: ಸಿದ್ಧಪಡಿಸಿ ಬಚ್ಚಿಟ್ಟಿತ್ತು ಎಂಬುದನ್ನೂ ಹೇಳಿ. ಪೂರ್ಣ ವರದಿ ಹೊರಬಂದದ್ದು 2011ರಲ್ಲಿ, ಕೇಂದ್ರ ಮಾಹಿತಿ ಆಯೋಗ ಆದೇಶಿಸಿದ ಮೇಲೆ. ತಮ್ಮವರ ಹೆಸರು ಬಂದಾಗ ಪಾರದರ್ಶಕತೆ ಮರೆತುಹೋಗುತ್ತದೆ.

ಹಿರಿಯ ಪತ್ರಕರ್ತರು, ಬೆಂಗಳೂರು: ಅದು ನಿಜ, ನಾಚಿಕೆಗೇಡೂ ಹೌದು. ಆದರೆ ಅದಕ್ಕಾಗಿ ಹಾಸ್ಟೆಲ್ ಮಕ್ಕಳ ಅಕ್ಕಿಯ ಲೆಕ್ಕವನ್ನು ಯಾರೂ ಕೇಳಬಾರದೇ?

ಉಪನ್ಯಾಸಕರು, ಶಿವಮೊಗ್ಗ: ಕೇಳಿದವರಿಗೆ ಏನಾಗುತ್ತದೆಂದು ನೋಡಿದ್ದೇವೆ. 2017ರ ಜೂನ್‌ನಲ್ಲಿ ನಮ್ಮ ವಿಧಾನಸಭೆಯು ಶಾಸಕರ ಹಕ್ಕುಚ್ಯುತಿಯೆಂದು ಪತ್ರಿಕಾ ಸಂಪಾದಕರಾದ ರವಿ ಬೆಳಗೆರೆ ಮತ್ತು ಅನಿಲ್ ರಾಜು ಅವರಿಗೆ ತಲಾ ಒಂದು ವರ್ಷದ ಸಜೆ ಘೋಷಿಸಿತು. ದೂರುದಾರರೂ ಸದನದವರು, ತೀರ್ಪುಗಾರರೂ ಸದನದವರು.

ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ: ಬರೆದದ್ದು ಹಾಗಿತ್ತು, ಸಿಕ್ಕದ್ದು ಸರಿಯಾಗಿಯೇ ಇತ್ತು.

ಉಪನ್ಯಾಸಕರು, ಶಿವಮೊಗ್ಗ: ಬರಹ ಕೆಟ್ಟದಾಗಿದ್ದರೆ ನ್ಯಾಯಾಲಯವಿದೆ. ಬರಹ ಇಷ್ಟವಾಗದವರೇ ಶಿಕ್ಷೆ ವಿಧಿಸುವುದನ್ನು ಸಮರ್ಥಿಸಲು ತಮಗೆ ಸಂಕೋಚವಾಗುವುದಿಲ್ಲವೇ?

ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ: ಪಾಠ ಹೇಳುವುದನ್ನು ತಮ್ಮ ಕಾಲೇಜಿಗೆ ಸೀಮಿತಗೊಳಿಸಿಕೊಳ್ಳಿ.

ವಿದ್ಯಾರ್ಥಿನಿ, ಮಂಗಳೂರು: ಮೇಡಂ, ಯೂಟ್ಯೂಬ್‌ನಲ್ಲಿ ಸುದ್ದಿ ಹೇಳುವವರಿಗೆ ಸರ್ಕಾರದ ಮಾನ್ಯತಾ ಪತ್ರ ಸಿಗುತ್ತದೆಯೇ?

ವ್ಯಾಪಾರಿ, ತುಮಕೂರು: ಟಿ.ವಿ. ದೂರಿನ ವಿಳಾಸ ಕೊಡಿ ಎಂದರೆ ಯಾರೂ ಕೊಡುತ್ತಿಲ್ಲ.

ವಕೀಲರು: ವಾಹಿನಿಗೆ. ಎರಡು ಬಾರಿ ಹೇಳಿದ್ದಾಯಿತು.

ನಿವೃತ್ತ ಬ್ಯಾಂಕ್ ಅಧಿಕಾರಿ, ದಾವಣಗೆರೆ: ಇನ್ನೊಂದು ಸಂದೇಶ ಬಂದಿದೆ. ಪತ್ರಿಕೆ ಕ್ಷಮಾಪಣೆ ಹಾಕಿದರೆ ಎಲ್ಲ ಮೊಕದ್ದಮೆಗಳೂ ತಾನಾಗಿಯೇ ರದ್ದಾಗುತ್ತವೆಯಂತೆ. ಆ ಹುಡುಗನಿಗೂ ಅದೇ ಸುಲಭ.

ವಕೀಲರು: ಸ್ವಾಮಿ, ಇದು ಮೊದಲನೆಯ ಸಂದೇಶಕ್ಕಿಂತ ಅಪಾಯಕಾರಿ. ಕ್ಷಮಾಪಣೆಯಿಂದ ಯಾವ ಮೊಕದ್ದಮೆಯೂ ತಾನಾಗಿ ರದ್ದಾಗುವುದಿಲ್ಲ. ವರದಿ ನಿಜವಾಗಿದ್ದು ಸುಳ್ಳೆಂದು ಅಚ್ಚು ಹಾಕಿದರೆ, ಅದೇ ಹಾಳೆಯನ್ನು ನಾಳೆ ತಪ್ಪೊಪ್ಪಿಗೆಯೆಂದು ನ್ಯಾಯಾಲಯಕ್ಕೆ ಹಾಜರುಪಡಿಸುತ್ತಾರೆ. ವಿವರವೊಂದು ತಪ್ಪಿದ್ದರೆ ಆ ವಿವರಕ್ಕೆ ಮಾತ್ರ ತಿದ್ದುಪಡಿ ಹಾಕಬೇಕು, ಅವರ ಸ್ಪಷ್ಟನೆ ಬಂದರೆ ಅದನ್ನೂ ಪ್ರಕಟಿಸಬೇಕು. ನಿಮಗೆ ಬಂದದ್ದನ್ನೆಲ್ಲ ಇಲ್ಲಿ ಸುರಿಯುವುದನ್ನು ಇನ್ನಾದರೂ ನಿಲ್ಲಿಸಿ.

ಬಿಡಿ ಸುದ್ದಿಗಾರ, ಕಲ್ಯಾಣ ಕರ್ನಾಟಕ: ಮೇಡಂ, ಸಂಪಾದಕರು ಕ್ಷಮಾಪಣೆಯ ಕರಡನ್ನು ಈಗಷ್ಟೇ ಕಳಿಸಿದ್ದಾರೆ. ಅದರಲ್ಲಿ "ನಿಲಯದ ಸಿಬ್ಬಂದಿಯೊಬ್ಬರು ನೀಡಿದ ತಪ್ಪು ಮಾಹಿತಿಯಿಂದ" ಎಂದಿದೆ. ಪುಟ ಕೊಟ್ಟವರು ಯಾರೆಂದರೆ, ಅಲ್ಲಿ ಅಡುಗೆ

ವಕೀಲರು: ಇಲ್ಲಿಗೇ ನಿಲ್ಲಿಸಿ, ಮುಂದೆ ಒಂದಕ್ಷರವನ್ನೂ ಬರೆಯಬೇಡಿ. ಮೇಲಿನ ಸಂದೇಶವನ್ನು ತಕ್ಷಣ ಅಳಿಸಿ. ಈ ಗುಂಪಿನಲ್ಲಿ ಯಾರಿದ್ದಾರೆಂಬುದು ನಿಮಗೂ ತಿಳಿಯದು, ನನಗೂ ತಿಳಿಯದು. ಕರಡಿಗೆ ಒಪ್ಪಿಗೆಯಿಲ್ಲವೆಂದು ಸಂಪಾದಕರಿಗೆ ಈ ರಾತ್ರಿಯೇ ಲಿಖಿತವಾಗಿ ತಿಳಿಸಿ, ನೋಟಿಸಿನೊಂದಿಗೆ ನಾಳೆ ಬೆಳಿಗ್ಗೆ ನಿಮ್ಮ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ನಿರ್ವಾಹಕರೇ, ಅವರು ಅಳಿಸದಿದ್ದರೆ ನೀವೇ ಅಳಿಸಿ.

ನಿರ್ವಾಹಕರು: ಅಳಿಸಲಾಗಿದೆ. ಇಂದಿನ ಪ್ರಶ್ನೋತ್ತರವನ್ನು ಇಲ್ಲಿಗೆ ಮುಚ್ಚುತ್ತಿದ್ದೇನೆ.

ವ್ಯಾಪಾರಿ, ತುಮಕೂರು: ವಾಹಿನಿಗೆ ಎಂದರೆ ಅವರ ಬೆಂಗಳೂರು ಕಚೇರಿಗೋ, ನಮ್ಮೂರಿನ ವರದಿಗಾರನಿಗೋ?