ಹಳೆ ಬಾಗಿಲಿಗೆ ಸುಣ್ಣ ಹಚ್ಚಿದರೆ ನಿಲ್ಲುತ್ತಾ?

ಬಳ್ಳಾರಿಯಿಂದ ಕೇಳುತ್ತಿದ್ದೇನೆ: ತಾತನ ಮನೆ ಕೆಡವಿದಾಗ ಎರಡು ಬೇವಿನ ಬಾಗಿಲು, ಒಂದು ಸಾಗವಾನಿ ಕಿಟಕಿ ಉಳಿಸಿಕೊಂಡೆವು. ಬಾಗಿಲಿನಲ್ಲಿ ಟೇಬಲ್ ಮಾಡಿಸುತ್ತಿದ್ದೇವೆ. ಮಿರಮಿರ ಹೊಳೆಯುವ ಪಾಲಿಶ್ ಬೇಡ. ಹಳೆ ಗೋಡೆಯ ಸುಣ್ಣದ ಹಾಗೆ ಮಾಸಿರಬೇಕು, ಅಲ್ಲಲ್ಲಿ ಮರ ಕಾಣಬೇಕು. ಮಾಡಿದವರು ಯಾರಾದರೂ ಇದ್ದೀರಾ?

ಕೊಪ್ಪಳ: ಮಾಡಬಹುದು ಅಕ್ಕಾ, ಆದರೆ ಬರೀ ಸುಣ್ಣ ಆಗಲ್ಲ. ಗೋಡೆಯ ಮೇಲಿನ ಸುಣ್ಣ ಗಾಳಿಯ ಇಂಗಾಲದ ಡೈಆಕ್ಸೈಡ್ ಹೀರಿಕೊಂಡು ಮತ್ತೆ ಕಲ್ಲಿನಂತೆ ಗಟ್ಟಿಯಾಗುತ್ತದೆ. ಮರ ಮಳೆಗಾಲದಲ್ಲಿ ಉಬ್ಬುತ್ತದೆ, ಬೇಸಿಗೆಯಲ್ಲಿ ಕುಗ್ಗುತ್ತದೆ. ಗಟ್ಟಿ ಸುಣ್ಣ ಅದರ ಜೊತೆ ಬಗ್ಗುವುದಿಲ್ಲ, ಹಕ್ಕಳೆ ಏಳುತ್ತದೆ. ಹಾಗಾಗಿ ಅಂಟು ಬೇಕೇ ಬೇಕು. ಇದೇನು ಹೊಸದಲ್ಲ, ನಮ್ಮ ಕಿನ್ನಾಳದ ಗೊಂಬೆ ಮಾಡುವವರು ಹುಣಸೆ ಬೀಜದ ಅಂಟಿಗೆ ಮರದ ಪುಡಿ ಕಲಸಿ ಬಳಸುತ್ತಾರಲ್ವಾ?

ನಾನು ಹಾಕುವುದು ಹಾಲಿನ ಅಂಟು. ಕೆನೆ ಪೂರ್ತಿ ತೆಗೆದ ಹಾಲಿಗೆ ನಿಂಬೆರಸ ಹಿಂಡಿ ಒಡೆಸಿ. ಬಟ್ಟೆಯಲ್ಲಿ ಸೋಸಿ, ಉಳಿದ ಗಟ್ಟಿಯನ್ನು ನೀರಲ್ಲಿ ತೊಳೆಯಿರಿ. ಅದು ನಾಲ್ಕು ಭಾಗ ಇದ್ದರೆ ಅರಳಿಸಿದ ಸುಣ್ಣದ ಮುದ್ದೆ ಒಂದು ಭಾಗ. ನಾದುತ್ತಾ ಹೋದ ಹಾಗೆ ಕರಗಿ ಅಂಟಂಟಾಗುತ್ತದೆ. ಆಮೇಲೆ ಮಜ್ಜಿಗೆಯಷ್ಟು ತೆಳ್ಳಗೆ ಮಾಡಿ, ತೆಳುವಾಗಿ ಎರಡು ಸಲ ಹಚ್ಚಿ. ಅವತ್ತೇ ಮುಗಿಸಿ, ಮರುದಿನಕ್ಕೆ ನಾತ ಹೊಡೆಯುತ್ತದೆ.

ಮರ ಕಾಣಬೇಕಾದ ಅಂಚುಗಳಿಗೆ ಮೊದಲೇ ಮೇಣದಬತ್ತಿ ಉಜ್ಜಿಡಿ. ಅಲ್ಲಿ ಬಣ್ಣ ಹಿಡಿಯುವುದಿಲ್ಲ. ಒಣಗಿದ ಮೇಲೆ ಪಾಲಿಶ್ ಪೇಪರ್‌ನಲ್ಲಿ ಮೆಲ್ಲಗೆ ತಿಕ್ಕಿದರೆ ತಾನಾಗಿ ಬಿಟ್ಟುಕೊಳ್ಳುತ್ತದೆ. ಎಲ್ಲಾ ಕಡೆ ಒಂದೇ ಸಮ ತಿಕ್ಕಬೇಡಿ, ಸುಳ್ಳು ಹಳೆತನ ಅಂತ ಗೊತ್ತಾಗಿಬಿಡುತ್ತದೆ. ಕೈ ತಾಗುವ ಜಾಗ, ಮೂಲೆ, ಚಿಲಕದ ಸುತ್ತ ಸಾಕು.

ರಾಯಚೂರು: ಮೇಲೆ ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ಮೊದಲು ಮರದ ಮೇಲೆ ನೀರು ಚಿಮುಕಿಸಿ ನೋಡಿ. ಹನಿ ಹಾಗೇ ನಿಂತರೆ ಹಳೆ ವಾರ್ನಿಷ್ ಇನ್ನೂ ಇದೆ ಅಂತ ಅರ್ಥ, ಕೆರೆದು ತೆಗೆಯಿರಿ. ಸಾಗವಾನಿ ಕಿಟಕಿಗೆ ನಾನಾದರೆ ಸುಣ್ಣ ಹಚ್ಚಲ್ಲ. ಆ ಮರದಲ್ಲೇ ಎಣ್ಣೆ ಇರುತ್ತದೆ, ಬಣ್ಣ ಸರಿಯಾಗಿ ಹಿಡಿಯಲ್ಲ. ಒಗರು ಜಾಸ್ತಿ ಇರುವ ಜಾಲಿಯಂಥ ಮರವಾದರೆ ಸುಣ್ಣ ತಾಗಿ ಕಂದು ಕಲೆ ಏಳುತ್ತದೆ. ಬೇವಿಗೂ ಹಿಂಬದಿಯಲ್ಲಿ ಹಚ್ಚಿ ನೋಡಿಯೇ ಮುಂದುವರಿಯಿರಿ. ನಮ್ಮ ಕಡೆ ಬಿಸಿಲಿಗೆ ಸುಣ್ಣ ಗಟ್ಟಿಯಾಗುವ ಮೊದಲೇ ಒಣಗಿ ಪುಡಿ ಉದುರುತ್ತದೆ. ಸಂಜೆ ಹೊತ್ತು ನೆರಳಲ್ಲಿ ಹಚ್ಚಿ.

ಬಳ್ಳಾರಿ: ನಾನೂ ಇದೇ ಊರು. ಬಣ್ಣ ಬೇಕಿದ್ದರೆ ಕಾವಿ, ಇಲ್ಲವೇ ಹಾರ್ಡ್‌ವೇರ್ ಅಂಗಡಿಯ ರೆಡ್ ಆಕ್ಸೈಡ್ ಪುಡಿ ಚಿಟಿಕೆ ಹಾಕಿ. ಎರಡೂ ಕಬ್ಬಿಣದ ಆಕ್ಸೈಡೇ, ಸುಣ್ಣದಲ್ಲಿ ಮಾಸುವುದಿಲ್ಲ. ಸುಣ್ಣದ ಹರಳನ್ನು ಮನೆಯಲ್ಲೇ ಅರಳಿಸುವುದಾದರೆ ನೀರಿಗೆ ಸ್ವಲ್ಪ ಸ್ವಲ್ಪವೇ ಹರಳು ಹಾಕಿ, ಹರಳಿನ ಮೇಲೆ ನೀರು ಸುರಿಯಬೇಡಿ. ಕೊತಕೊತ ಕುದಿಯುತ್ತದೆ. ಪ್ಲಾಸ್ಟಿಕ್ ಬಕೆಟ್ ಬೇಡ, ಅಲ್ಯೂಮಿನಿಯಂ ಪಾತ್ರೆಯಂತೂ ಬೇಡವೇ ಬೇಡ. ಕಣ್ಣಿಗೆ ಕನ್ನಡಕ, ಕೈಗೆ ಗ್ಲೌಸ್ ಇರಲಿ.

ಅಂದಹಾಗೆ ಅದು ಊಟದ ಟೇಬಲ್ಲಾ? ಹಾಗಿದ್ದರೆ ಮೇಲ್ಭಾಗಕ್ಕೆ ಸುಣ್ಣ ಬೇಡ. ನಿಂಬೆರಸ, ಹುಣಸೆ ಹುಳಿ ಬಿದ್ದಲ್ಲೆಲ್ಲ ತಿಂದುಹಾಕುತ್ತದೆ. ಜೇನುಮೇಣ ಹಚ್ಚಿದರೂ ಪೂರ್ತಿ ತಡೆಯಲ್ಲ.

ಕೇಳಿದವರು: ಊಟದ್ದೇ. ಸರಿ, ಕಾಲು ಮತ್ತು ಚೌಕಟ್ಟಿಗೆ ಮಾತ್ರ ಸುಣ್ಣ, ಮೇಲೆ ಗಾಜು ಹಾಕಿಸುತ್ತೇವೆ. ಕಿಟಕಿ ಹಾಗೇ ಇರಲಿ.