‘ಬಂದೆ’ ಅಂದವರು ಬರೋದು ಯಾವಾಗ?

ಹುಣಸೆಬೀಜ: ನಮ್ಮನೆಯವರು ಪೇಟೆಯಿಂದ ಫೋನ್ ಮಾಡಿ “ಐದೇ ನಿಮಿಷ, ಬಂದೆ” ಅಂದ್ರು. ಹಿಂದುಗಡೆ ತರಕಾರಿಯವನ ಕೂಗು ಕೇಳಿಸ್ತಿದೆ! ಸಾರು ಎರಡು ಸಲ ಬಿಸಿ ಮಾಡಿದೆ. ಬೆಳಕಿಗಿಂತ ವೇಗವಾಗಿ ಯಾವ ಸುದ್ದಿಯೂ ಹೋಗಲ್ಲ ಅಂತ ಐನ್‌ಸ್ಟೈನ್ 1905ರ ಲೆಕ್ಕ. ಹಾಗಾದ್ರೆ ಹೊರಡೋಕೆ ಮುಂಚೆಯೇ ಬಂದುಬಿಡುವ ಈ ಕ್ರಿಯಾಪದದ ವೇಗ ಎಷ್ಟು?

ಗೆಜ್ಜೆಸದ್ದು: ಯಕ್ಷಗಾನ ನೋಡಿ. ರಂಗಸ್ಥಳದಲ್ಲಿ ನಾಲ್ಕು ಸುತ್ತು ಹಾಕಿದ್ರೆ ಹಸ್ತಿನಾವತಿಯಿಂದ ದ್ವಾರಕೆ. ಅದೇ ಒಂದು ಬಾಣ ಬಿಡೋಕೆ ಅರ್ಧ ಗಂಟೆ. ಭಾಗವತರ ಪದ್ಯ ಮುಗಿಯೋ ತನಕ ರಾಕ್ಷಸ ಸಾಯೋ ಹಾಗಿಲ್ಲ. ನನ್ನ ಪ್ರಕಾರ ಕಾಲ ಅಳೆಯೋದು ಚಂಡೆ, ಗಡಿಯಾರ ಅಲ್ಲ.

ಮೂಲೆಮನೆ: ನನ್ನ ಮಗಳು ಕಥೆ ಮಧ್ಯೆ “ಮುಂದೇನಾಯ್ತು?” ಅಂತಾಳೆ. ಆಗಿಹೋದದ್ದು ‘ಹಿಂದೆ’ ಇರ್ಬೇಕಲ್ವಾ? ಕಥೆಯೊಳಗೆ ಅದು ಮುಂದೆ ಬಂದು ಕೂತಿರುತ್ತೆ. ಆಂಡಿಸ್ ಬೆಟ್ಟಗಳ ಐಮಾರಾ ಭಾಷೆಯವರಿಗಂತೂ ಕಳೆದದ್ದು ಸದಾ ಕಣ್ಣೆದುರು, ನಾಳೆ ಬೆನ್ನ ಹಿಂದೆ. ಕಂಡದ್ದಷ್ಟೇ ಎದುರಿಗಿರೋದು, ನ್ಯಾಯವೇ.

ಹುಣಸೆಬೀಜ: ಬಂದ್ರು, ಏಳೂಮುಕ್ಕಾಲಿಗೆ. ಕೊತ್ತಂಬರಿ ಮರೆತಿದ್ದಾರೆ. “ಈಗ ತಂದೆ” ಅಂತ ಮತ್ತೆ ಚಪ್ಪಲಿ ಹುಡುಕ್ತಿದ್ದಾರೆ.